ಮೂರನೆಯ ಸಾಸೇಜು

ಕರೆಂಟು ಹೋಗಿ ಅದು ಎರಡನೆಯ ದಿನ. ಅಡುಗೆಮನೆಯಲ್ಲಿ ಉಳಿದಿದ್ದ ಸಾಮಾನಿನ ಲೆಕ್ಕ ನನಗೆ ಈಗಲೂ ಬಾಯಿಪಾಠ. ಹಿಂದಿನ ರಾತ್ರಿ ನೆನೆಹಾಕಿದ ಒಂದು ಬೋಗುಣಿ ಬಿಳಿ ಬೀನ್ಸ್ ಕಾಳು. ನಾಲ್ಕು ದಿನ ಹಳೆಯ ಅರ್ಧ ಬ್ರೆಡ್ಡು. ಬೆಳ್ಳುಳ್ಳಿ ಒಂದು ಗಡ್ಡೆ. ನವೆಂಬರಿನಲ್ಲಿ ಗಾಣದಿಂದ ತಂದ ಆಲಿವ್ ಎಣ್ಣೆ, ಅದಕ್ಕೇನೂ ಬರವಿರಲಿಲ್ಲ. ಮತ್ತೆ, ಕಿಟಕಿಯ ಹೊರಗೆ ಹಿಮದ ಮೇಲಿಟ್ಟ ಕಾಗದದ ಪೊಟ್ಟಣದಲ್ಲಿ ಮೂರು ಹಂದಿ ಸಾಸೇಜು. ಒಳಗಿನ ಫ್ರಿಜ್ಜು ಸತ್ತಿತ್ತು. ಹೊರಗೆ ದೇವರು ಇಟ್ಟ ಫ್ರಿಜ್ಜು ಗುಡ್ಡದಿಂದ ಗುಡ್ಡಕ್ಕೆ ಹಬ್ಬಿತ್ತು.

2012ರ ಫೆಬ್ರವರಿಯ ಮೊದಲ ವಾರ. ಆ ವರ್ಷ ಇಡೀ ಯುರೋಪು ಚಳಿಗೆ ನಡುಗಿತ್ತು, ರೋಮ್ ನಗರದಲ್ಲೂ ಹಿಮ ಬಿದ್ದಿತ್ತು. ನಾನಿದ್ದದ್ದು ಫ್ಲಾರೆನ್ಸಿನ ಉತ್ತರಕ್ಕೆ, ಮುಜೆಲ್ಲೊ ಎಂಬ ಕಣಿವೆಯಲ್ಲಿ. ಸಿಯೇವೆ ಎಂಬ ಹೊಳೆ ಹರಿಯುವ ಆ ಕಣಿವೆಯಲ್ಲಿ ವಿಕ್ಕಿಯೊ ಎಂಬ ಪೇಟೆ. ಅದರ ಮೇಲಿನ ಗುಡ್ಡದಲ್ಲಿ ಒಂಟಿ ಕಲ್ಲುಮನೆ. ಮನೆಯಲ್ಲಿ ಇಬ್ಬರೇ. ಎಂಬತ್ತನಾಲ್ಕರ ಅಜ್ಜಿ, ಅವರನ್ನು ನೋಡಿಕೊಳ್ಳಲು ನಾನು.

ಈ ಕೆಲಸಕ್ಕೆ ಇಟಲಿಯಲ್ಲಿ ‘ಬದಾಂತೆ’ ಅನ್ನುತ್ತಾರೆ. ಮುದುಕರ ಮನೆಯಲ್ಲೇ ಇದ್ದು ಸ್ನಾನ, ಮದ್ದು, ಅಡುಗೆ, ಮಾತು ಎಲ್ಲಕ್ಕೂ ಒದಗುವವಳು ಬದಾಂತೆ. ನನ್ನ ಊರು ಬೆಳ್ತಂಗಡಿ ಕಡೆ. ಮನೆಮಾತು ಕೊಂಕಣಿ, ಓದಿದ್ದು ಕನ್ನಡ. ಮಂಗಳೂರಿನ ಕ್ರೈಸ್ತರಿಗೆ ಇಟಲಿ ಹೊಸ ಹೆಸರೇನೂ ಅಲ್ಲ. 1878ರ ಕೊನೆಯ ದಿನ ಮಂಗಳೂರಿಗೆ ಬಂದಿಳಿದ ಜೆಸುವಿತ್ ಪಾದ್ರಿಗಳಲ್ಲಿ ಇಟಲಿಯವರೇ ಹೆಚ್ಚು. ಸಂತ ಅಲೋಶಿಯಸ್ ಕಾಲೇಜಿನ ಚಾಪೆಲಿನ ಗೋಡೆ, ಮಾಡು ತುಂಬ ಚಿತ್ರ ಬರೆದ ಮೊಸ್ಕೇನಿಯೂ ಅಲ್ಲಿಯವರೇ. ಸಣ್ಣವಳಿದ್ದಾಗ ಕತ್ತು ನೋಯುವಷ್ಟು ಹೊತ್ತು ಆ ಚಿತ್ರಗಳನ್ನು ನೋಡಿದ್ದೆ. ಅವರು ನಮ್ಮಲ್ಲಿಗೆ ಚಿತ್ರ ಬರೆಯಲು ಬಂದರು, ನಾವು ಅವರಲ್ಲಿಗೆ ಮುದುಕರನ್ನು ಎತ್ತಿ ಕೂರಿಸಲು ಹೋದೆವು.

ಅಜ್ಜಿ ನನ್ನನ್ನು ಮೊದಲ ದಿನವೇ ಒಪ್ಪಿಕೊಂಡದ್ದಕ್ಕೆ ಒಂದು ಕಾರಣವಿತ್ತು. 1944ರ ಸೆಪ್ಟೆಂಬರಿನಲ್ಲಿ ಜರ್ಮನರನ್ನು ಮುಜೆಲ್ಲೊದ ಬೆಟ್ಟಗಳಿಂದ ಹಿಮ್ಮೆಟ್ಟಿಸಿದ ಸೇನೆಯಲ್ಲಿ 8ನೇ ಭಾರತೀಯ ಡಿವಿಷನ್ ಇತ್ತು. ಅಜ್ಜಿಗೆ ಆಗ ಹದಿನಾರು. ಮುಂಡಾಸು ಕಟ್ಟಿದ ಸಿಪಾಯಿಗಳು ಅವರ ಅಂಗಳದಲ್ಲಿ ತಗಡಿನ ಮೇಲೆ ರೊಟ್ಟಿ ಸುಟ್ಟದ್ದು, ಒಂದು ರೊಟ್ಟಿಯನ್ನು ಇವರ ಕೈಗೂ ಕೊಟ್ಟದ್ದು ನೆನಪಿತ್ತು. ‘ನೀನು ಅವರ ಕಡೆಯವಳಾ?’ ಅಂತ ಕೇಳಿದರು. ಆ ಸಿಪಾಯಿಗಳ ಊರಿಗೂ ನನ್ನ ಊರಿಗೂ ಎರಡು ಸಾವಿರ ಕಿಲೋಮೀಟರು ದೂರ ಅಂತ ಹೇಳಲು ಬಾಯಿ ತೆರೆದವಳು ಸುಮ್ಮನಾದೆ. ‘ಹೌದು’ ಅಂದುಬಿಟ್ಟೆ. ಕೆಲಸ ಬೇಕಿತ್ತು.

ಅಜ್ಜಿಯ ಮಗ ಫ್ಲಾರೆನ್ಸಿನಲ್ಲಿದ್ದ. ಶನಿವಾರಕ್ಕೊಮ್ಮೆ ಬಂದು ವಾರದ ಸಾಮಾನು ಇಟ್ಟುಹೋಗುತ್ತಿದ್ದ. ಕೆಟ್ಟವನಲ್ಲ, ಲೆಕ್ಕದವನು. ನನ್ನ ಊಟ ಸಂಬಳದಲ್ಲೇ ಸೇರಿತ್ತು. ಅಕ್ಕಿ, ಮೊಟ್ಟೆ, ತರಕಾರಿ ಧಾರಾಳ ತರುತ್ತಿದ್ದ. ಆದರೆ ಮಾಂಸದ ಪೊಟ್ಟಣ ಮಾತ್ರ ಅಮ್ಮನ ಲೆಕ್ಕದ್ದು. ವಾರಕ್ಕೆ ಮೂರು ಸಾಸೇಜು, ದಿನ ಬಿಟ್ಟು ದಿನಕ್ಕೊಂದು. ಯಾರೂ ಬಾಯಿಬಿಟ್ಟು ಹೇಳಿದ್ದಲ್ಲ. ಪೊಟ್ಟಣ ನೋಡಿದರೆ ಗೊತ್ತಾಗುತ್ತಿತ್ತು. ಎಣ್ಣೆಯಲ್ಲಿ ಸಾಸೇಜು ಚುರುಗುಟ್ಟುವಾಗ ನಾನು ಕಿಟಕಿ ತೆರೆದಿಡುತ್ತಿದ್ದೆ. ಹೊಗೆ ಹೋಗಲಿ ಎಂದು ಅಜ್ಜಿಗೆ ಹೇಳುತ್ತಿದ್ದೆ.

ಅಡುಗೆಗೆ ಆ ಮನೆಯಲ್ಲಿದ್ದದ್ದು ಕರೆಂಟಿನ ಒಲೆ. ಅದು ಸತ್ತ ಮೇಲೆ ಮೊದಲ ದಿನ ಬ್ರೆಡ್ಡು, ಚೀಸು, ಸೇಬು ತಿಂದು ಕಳೆದೆವು. ಎರಡನೆಯ ದಿನ ಮಧ್ಯಾಹ್ನ ಅಜ್ಜಿ ಕುರ್ಚಿಯಲ್ಲಿ ನೆಟ್ಟಗೆ ಕೂತು, ಊರುಗೋಲಿನಿಂದ ಗೋಡೆಯ ಅಗ್ಗಿಷ್ಟಿಕೆ ತೋರಿಸಿದರು. ಆಳೆತ್ತರದ ಕಲ್ಲಿನ ಅಗ್ಗಿಷ್ಟಿಕೆ. ಅಲ್ಲಿವರೆಗೆ ಅದು ನನಗೆ ಬೂದಿ ಬಾಚುವ ಕೆಲಸ ಮಾತ್ರ ಆಗಿತ್ತು.

‘ಕರೆಂಟು ಈ ಮನೆಗೆ ಬರುವಾಗ ನಾನು ಮದುವೆಯಾದ ಹೆಂಗಸು. ಅದಕ್ಕೆ ಮೊದಲು ನಾವು ಉಪವಾಸ ಇದ್ದೆವೆಂದು ತಿಳಿದೆಯಾ? ಬೆಂಕಿ ಹಾಕು.’

ಬೆಂಕಿ ಹಾಕುವುದನ್ನು ನನಗೆ ಯಾರೂ ಕಲಿಸಬೇಕಿರಲಿಲ್ಲ. ಮಳೆಗಾಲದಲ್ಲಿ ಹಸಿ ಸೌದೆ ಊದಿ ಅನ್ನ ಬೇಯಿಸಿದವಳು ನಾನು. ಆದರೆ ಅಜ್ಜಿಗೆ ನನ್ನ ಬೆಂಕಿ ಹಿಡಿಸಲಿಲ್ಲ. ಉರಿ ಜಾಸ್ತಿಯಾಯಿತು ಅಂದರು. ಚೆಸ್ಟ್‌ನಟ್ ಮರದ ಕೊರಡು ಬೇಡ, ಕಿಡಿ ಹಾರಿಸುತ್ತದೆ. ಓಕ್ ಇಡು, ಅದು ಮಾತಿಲ್ಲದೆ ಕೆಂಡವಾಗುತ್ತದೆ. ಬೀನ್ಸಿಗೆ ಬೇಕಾದದ್ದು ಉರಿಯಲ್ಲ, ಕೆಂಡದ ಪಕ್ಕ.

ಈ ಕಣಿವೆಯಿರುವ ತೊಸ್ಕಾನಾ ಸೀಮೆಯವರನ್ನು ಇಟಲಿಯ ಉಳಿದವರು ‘ಮಾಂಜಾಫಜೋಲಿ’ ಎಂದು ಗೇಲಿ ಮಾಡುತ್ತಾರೆ. ಬೀನ್ಸ್ ತಿನ್ನುವವರು ಅಂತ ಅರ್ಥ. ಇವರಿಗೆ ಅದು ಬಿರುದು. ಕಾಳು ಬೇಯಿಸುವುದರಲ್ಲಿ ಅವರಿಗೆ ಪೂಜೆಯಷ್ಟು ನೇಮವಿದೆ. ಹಿಂದೆ ವೈನಿನ ಹೊಟ್ಟೆದಪ್ಪ ಗಾಜಿನ ಬಾಟಲಿಗೆ ಕಾಳು, ನೀರು, ಎಣ್ಣೆ ಹಾಕಿ, ರಾತ್ರಿ ಮಲಗುವ ಮುಂಚೆ ಬಿಸಿ ಬೂದಿಯಲ್ಲಿ ಇಡುತ್ತಿದ್ದರಂತೆ, ಬೆಳಗಾಗುವಾಗ ಬೆಂದಿರುತ್ತಿತ್ತು. ನಮ್ಮಲ್ಲಿ ಬಾಟಲಿ ಇರಲಿಲ್ಲ, ಮಣ್ಣಿನ ಮಡಕೆ ಇತ್ತು. ನೆನೆದ ಕಾಳು, ಅದರ ಮೇಲೆ ನಾಲ್ಕು ಬೆರಳು ತಣ್ಣೀರು, ಸಿಪ್ಪೆ ಸಮೇತ ಎರಡು ಎಸಳು ಬೆಳ್ಳುಳ್ಳಿ, ಒಂದು ಚಮಚ ಎಣ್ಣೆ, ಸಾಲ್ವಿಯಾ ಎಂಬ ಗಿಡದ ಐದಾರು ಎಲೆ. ನಮ್ಮ ಸಾಂಬ್ರಾಣಿ ಸೊಪ್ಪಿನ ಹಾಗೆ ಎಲೆಯ ಮೈಮೇಲೆ ತುಪ್ಪುಳು, ಹಿಸುಕಿದರೆ ಘಾಟು.

ನಾನು ಉಪ್ಪಿನ ಡಬ್ಬಕ್ಕೆ ಕೈ ಹಾಕಿದೆ. ಊರುಗೋಲು ನೆಲಕ್ಕೆ ಬಡಿಯಿತು.

‘ಉಪ್ಪು ಕೊನೆಗೆ! ಈಗ ಹಾಕಿದರೆ ಕಾಳಿನ ಚರ್ಮ ಚಪ್ಪಲಿಯಾಗುತ್ತದೆ.’

ಆಮೇಲೆ ಮಡಕೆ ಕುದಿಯತೊಡಗಿದ್ದೇ ಮತ್ತೊಂದು ತಪ್ಪು. ಕುದಿಯಬಾರದು. ಕುದಿದರೆ ಕಾಳು ಒಡೆದು ಗಂಜಿಯಾಗುತ್ತದೆ. ನೀರು ನಡುಗುತ್ತಿರಬೇಕು ಅಷ್ಟೆ. ಒಂದು ಗುಳ್ಳೆ ಮೇಲೆ ಬಂದು ಒಡೆದ ಮೇಲೆ ಇನ್ನೊಂದು ಬರಬೇಕು. ಮಡಕೆಯನ್ನು ಇಕ್ಕಳದಲ್ಲಿ ಹಿಡಿದು ಕೆಂಡದಿಂದ ಒಂದು ಗೇಣು ದೂರ ಸರಿಸಿದೆ. ಮತ್ತೆ ಎರಡೂವರೆ ಗಂಟೆ ನಮಗೆ ಮಾಡಲು ಬೇರೇನೂ ಇರಲಿಲ್ಲ. ಟಿ.ವಿ. ಇಲ್ಲ, ಫೋನು ಇಲ್ಲ. ಆ ಮನೆಗೆ ಬಂದು ಎಂಟು ತಿಂಗಳಾಗಿತ್ತು. ನಾವಿಬ್ಬರೂ ನಿಜವಾಗಿ ಮಾತಾಡಿದ್ದು ಆ ಎರಡೂವರೆ ಗಂಟೆಯಲ್ಲಿ.

‘ನಿಮ್ಮಲ್ಲಿ ಫಜೋಲಿ ಉಂಟಾ?’ ಕೇಳಿದರು. ಉಂಟು, ಅಲಸಂದೆ ಅಂದೆ. ಬಿಳಿ ಕಾಳು, ಹೊಕ್ಕುಳಲ್ಲಿ ಕಪ್ಪು ಕಣ್ಣು. ಅಜ್ಜಿಯ ಮುಖ ಅರಳಿತು. ಕಣ್ಣಿನ ಕಾಳು! ಅದೇ ಹಳೆಯದು, ಅದೇ ಮೊದಲಿನದು ಅಂದರು. ಅವರು ಹೇಳಿದ್ದು ಸರಿ. ಈಗ ಇಟಲಿಯವರು ಬೇಯಿಸುವ ಬಿಳಿ ಬೀನ್ಸ್ ಅಮೆರಿಕದ್ದು. ಕೊಲಂಬಸನ ನಂತರ, ಹದಿನಾರನೆಯ ಶತಮಾನದಲ್ಲಿ ಹಡಗು ಹತ್ತಿ ಬಂದದ್ದು. ಅದಕ್ಕೆ ಮೊದಲು ಶತಮಾನಗಳ ಕಾಲ ಯುರೋಪಿನವರು ಆ ಹೆಸರಿನಲ್ಲಿ ಉಣ್ಣುತ್ತಿದ್ದದ್ದು ಆಫ್ರಿಕದಿಂದ ಹಬ್ಬಿದ ಅಲಸಂದೆಯನ್ನೇ. ಹೊಸ ಕಾಳು ಬಂದು ಹಳೆಯದರ ಹೆಸರನ್ನೂ ಮಡಕೆಯನ್ನೂ ತೆಗೆದುಕೊಂಡಿತು.

ನಾಲ್ಕು ಗಂಟೆ ಹೊತ್ತಿಗೆ ಸೊಪ್ಪು ತರಲು ಹೊರಗೆ ಹೋದೆ. ಮನೆಯ ಹಿಂದೆ ಹತ್ತು ಹೆಜ್ಜೆ ದೂರದಲ್ಲಿ ಕೈತೋಟ. ಹತ್ತು ಹೆಜ್ಜೆಗೆ ಕಾಲು ಗಂಟೆ ಹಿಡಿಯಿತು; ಮಂಡಿವರೆಗೆ ಹಿಮ. ಎಲ್ಲವೂ ಮುಚ್ಚಿಹೋಗಿ ಕಾವೊಲೊ ನೇರೊ ಮಾತ್ರ ತಲೆ ಎತ್ತಿ ನಿಂತಿತ್ತು. ಕಾವೊಲೊ ನೇರೊ ಅಂದರೆ ಕರಿ ಕೋಸು. ಕೋಸಿನ ಕುಲದ್ದೇ, ಆದರೆ ಗಡ್ಡೆ ಕಟ್ಟುವುದಿಲ್ಲ. ಸಣ್ಣ ತಾಳೆಮರದ ಹಾಗೆ ಕಾಂಡ, ಅದರ ನೆತ್ತಿಯಿಂದ ಉದ್ದುದ್ದ ಎಲೆ. ಕಪ್ಪು ಹಸಿರು ಬಣ್ಣ, ದನದ ನಾಲಗೆಯ ಹಾಗೆ ದೊರಗು ಮೈ. ಹಿಮ ಬೀಳುವ ಮೊದಲು ಇದನ್ನು ಕೊಯ್ಯಬಾರದು ಎನ್ನುವುದು ಅಲ್ಲಿಯ ಶಾಸ್ತ್ರ. ಚಳಿ ಹೊಡೆದಾಗ ಗಿಡ ಹೆಪ್ಪುಗಟ್ಟದಂತೆ ತನ್ನ ಪಿಷ್ಟವನ್ನು ಸಕ್ಕರೆಯಾಗಿಸಿಕೊಳ್ಳುತ್ತದೆ. ಕಹಿ ಇಳಿದು ಸಿಹಿ ಏರುತ್ತದೆ. ಗಿಡ ತನ್ನ ಜೀವ ಉಳಿಸಿಕೊಳ್ಳಲು ಮಾಡಿಕೊಂಡದ್ದನ್ನು ನಾವು ರುಚಿ ಅನ್ನುತ್ತೇವೆ. ಕಿತ್ತ ಎಲೆಗಳು ಕೈಯಲ್ಲಿ ಗಾಜಿನ ಹಾಗೆ ಕಟಕಟ ಮುರಿದವು.

ಒಳಗೆ ಬಂದು ಎಲೆಯ ನಡುನರವನ್ನು ಬೆರಳ ಸಂದಿಯಲ್ಲಿ ಎಳೆದು ತೆಗೆದೆ. ಅಜ್ಜಿಯೂ ಮಡಿಲಿಗೆ ಒಂದು ಕಟ್ಟು ಹಾಕಿಕೊಂಡರು. ಅವರ ಕೈ ನಡುಗುತ್ತಿತ್ತು, ಎಲೆ ಮಾತ್ರ ಒಂದೂ ಹರಿಯಲಿಲ್ಲ. ಸೊಪ್ಪನ್ನು ಉಪ್ಪುನೀರಿನಲ್ಲಿ ಐದು ನಿಮಿಷ ಕುದಿಸಿ, ಹಿಂಡಿ, ದಪ್ಪಗೆ ಹೆಚ್ಚಿದೆ. ನರಗಳನ್ನು ಕೋಳಿಗೆ ತೆಗೆದಿಟ್ಟೆ.

ಆಗ ಪೊಟ್ಟಣ ಒಳಗೆ ಬಂತು. ಮೂರು ಸಾಸೇಜನ್ನೂ ಅಜ್ಜಿ ಮೂಗಿಗೆ ಹಿಡಿದು ನೋಡಿದರು. ಹಂದಿಮಾಂಸ, ಉಪ್ಪು, ಕರಿಮೆಣಸು, ಬೆಳ್ಳುಳ್ಳಿ. ಅದರಾಚೆ ಏನೂ ಇಲ್ಲ. ಅಷ್ಟು ಹೊತ್ತು ಜೋರು ಮಾಡುತ್ತಿದ್ದವರು ಸ್ವರ ಇಳಿಸಿದರು.

‘ನಾವು ಮೆದ್ಜಾದ್ರಿ’ ಅಂದರು.

ಅರ್ಥವಾಗಲಿಲ್ಲ. ಅವರು ಒಂದು ಕಡ್ಡಿ ಎತ್ತಿ ನಡುವೆ ಮುರಿದು ಎರಡೂ ಕೈಯಲ್ಲಿ ಹಿಡಿದು ತೋರಿಸಿದರು. ಮೆದ್ಜೊ, ಅರ್ಧ. ಭೂಮಿ ‘ಪಡ್ರೋನೆ’ಯದು, ಎಂದರೆ ಧಣಿಯದು. ದುಡಿಮೆ ಇವರದು. ಗೋಧಿ, ವೈನು, ಎಣ್ಣೆ, ಕರು, ಎಲ್ಲದರಲ್ಲೂ ಅರ್ಧ ಧಣಿಗೆ. ಅದರ ಮೇಲೆ ಕ್ರಿಸ್ಮಸಿಗೆ ಕೊಬ್ಬಿದ ಹುಂಜ, ಈಸ್ಟರಿಗೆ ಮೊಟ್ಟೆ. ಲೆಕ್ಕ ಹಿಡಿಯಲು ‘ಫತ್ತೋರೆ’ ಎಂಬ ಶಾನುಭೋಗ. ಶತಮಾನಗಳ ಕಾಲ ತೊಸ್ಕಾನಾದ ಗುಡ್ಡಗಳು ನಡೆದದ್ದೇ ಹೀಗೆ. ಪ್ರವಾಸಿಗರು ಫೋಟೋ ತೆಗೆಯುವ ಸಾಲು ಸೈಪ್ರೆಸ್ ಮರ, ಒಂಟಿ ಕಲ್ಲುಮನೆ, ದ್ರಾಕ್ಷಿಯ ಇಳಿಜಾರು, ಎಲ್ಲವೂ ಆ ಅರ್ಧದ ಲೆಕ್ಕದಲ್ಲಿ ಎದ್ದದ್ದು. ಯುದ್ಧ ಮುಗಿದ ಮೇಲೆ ಒಕ್ಕಲುಗಳು ಹೋರಾಡಿ 1947ರಲ್ಲಿ ತಮ್ಮ ಪಾಲನ್ನು ನೂರಕ್ಕೆ 53 ಮಾಡಿಸಿಕೊಂಡರು. 1964ರ ಕಾನೂನು ಅದನ್ನು 58ಕ್ಕೆ ಏರಿಸಿ, ಇನ್ನು ಮುಂದೆ ಹೊಸದಾಗಿ ಇಂಥ ಕರಾರು ಕೂಡದು ಎಂದಿತು. ಅಷ್ಟರಲ್ಲಿ ಹುಡುಗರೆಲ್ಲ ಕಾರ್ಖಾನೆಗೆ ಹೊರಟುಹೋಗಿದ್ದರು.

‘ಐವತ್ತಮೂರು ಆದ ವರ್ಷ ನಮ್ಮಪ್ಪ ಕುಡಿದು ಕುಣಿದ. ಮೂರು! ಮೂರು ಮೂಟೆಗೆ ಕುಣಿದ!’

ನನಗೆ ನಗು ಬರಲಿಲ್ಲ. ನಮ್ಮಪ್ಪ ಚಾಲಗೇಣಿ ಒಕ್ಕಲು. ನಮ್ಮ ಧಣಿಗಳಿಗೆ ವರ್ಷಕ್ಕೆ ಇಷ್ಟು ಮುಡಿ ಅಕ್ಕಿ ಎಂದು ಗೇಣಿ. ಬೆಳೆ ಬರಲಿ, ಬಿಡಲಿ. ಹಬ್ಬಕ್ಕೆ ಸೌತೆಕಾಯಿ, ಬಾಳೆಗೊನೆ ಬೇರೆ. ಧಣಿಗಳ ಮನೆಯ ಜಗಲಿಯ ಕೆಳಗಿನ ಮೆಟ್ಟಲಲ್ಲಿ ಅಪ್ಪ ನಿಲ್ಲುತ್ತಿದ್ದ ರೀತಿಯನ್ನು ಅಮ್ಮ ಅಭಿನಯಿಸಿ ತೋರಿಸುತ್ತಿದ್ದರು. 1974ರಲ್ಲಿ ದೇವರಾಜ ಅರಸರ ಕಾಲದ ಭೂಸುಧಾರಣೆ ಕಾನೂನಿನ ತಿದ್ದುಪಡಿ ಬಂತು. ಊರಲ್ಲೆಲ್ಲ ಒಂದೇ ಮಾತು, ಡಿಕ್ಲರೇಶನ್. ತಾವು ಗೇಯುವ ಭೂಮಿ ತಮ್ಮದಾಗಲಿ ಎಂದು ಅಪ್ಪನೂ ಡಿಕ್ಲರೇಶನ್ ಕೊಟ್ಟರು. ಟ್ರಿಬ್ಯೂನಲಿನ ತೀರ್ಪು ಬರುವಾಗ ನಾನು ಮೂರನೇ ಕ್ಲಾಸು. ಆ ಕಾಗದಕ್ಕೆ ಗಾಜು ಹಾಕಿಸಿ ಯೇಸುವಿನ ಪಟದ ಪಕ್ಕದಲ್ಲೇ ತೂಗುಹಾಕಿದ್ದರು.

ಇದನ್ನು ನನ್ನ ಹರಕು ಇಟಾಲಿಯನ್ನಿನಲ್ಲಿ ಹೇಳಿದೆ. ಅಜ್ಜಿ ಕೇಳಿದರು, ‘ಹಂದಿಯಲ್ಲಿ ಎಷ್ಟು ಕೊಡುತ್ತಿದ್ದಿರಿ?’

‘ಹಂದಿಯಲ್ಲಿ ಏನೂ ಇಲ್ಲ. ನಮ್ಮ ಧಣಿಗಳು ಜೈನರು. ಹಂದಿ ಎಂಬ ಶಬ್ದವನ್ನೂ ಬಾಯಲ್ಲಿ ಆಡುವವರಲ್ಲ. ಹಂದಿ ಪೂರ್ತಿ ನಮ್ಮದೇ.’

‘ಪೂರ್ತಿ ಹಂದಿ?’

‘ಪೂರ್ತಿ.’

‘ಎರಡೂ ಹಿಂಗಾಲು?’

‘ನಾಲ್ಕೂ ಕಾಲು. ತಲೆ, ಬಾಲ, ಲಿವರು, ಎಲ್ಲ.’

ಅಜ್ಜಿ ಬೆಂಕಿಯನ್ನೇ ನೋಡುತ್ತ ಬಹಳ ಹೊತ್ತು ಕೂತರು. ನಾನು ಹೇಳಿದ ಬೇರೆ ಯಾವ ಸಂಗತಿಗೂ, ಸಮುದ್ರಕ್ಕೂ ಆನೆಗೂ ಹಾವಿಗೂ, ಅವರು ಹಾಗೆ ಬೆರಗಾದದ್ದಿಲ್ಲ. ಭಾರತ ಬಡದೇಶ ಎಂದು ಕೇಳಿಕೊಂಡು ಬಂದ ಆ ಹೆಂಗಸಿಗೆ ಅಲ್ಲಿ ಒಕ್ಕಲು ಇಡೀ ಹಂದಿ ತಿನ್ನುತ್ತಾನೆ ಎಂಬುದು ಲೆಕ್ಕಕ್ಕೇ ಸಿಗಲಿಲ್ಲ.

ಆಮೇಲೆ ಅವರ ಮನೆಯ ಹಂದಿಯ ಕಥೆ ಬಂತು. ಜನವರಿಯ ಕೊರೆಯುವ ಚಳಿಯಲ್ಲಿ ಕಡಿಯುತ್ತಿದ್ದರು. ಚಳಿಯಿದ್ದರೆ ಮಾಂಸ ಕೆಡುವುದಿಲ್ಲ. ಮರುದಿನ ಬೆಳಿಗ್ಗೆ ಫತ್ತೋರೆ ತೂಕದ ಕೋಲು ಹಿಡಿದು ಬರುತ್ತಿದ್ದ. ಒಂದು ಹಿಂಗಾಲು ಧಣಿಗೆ, ಒಂದು ಇವರಿಗೆ. ಬೆನ್ನು ಅರ್ಧ, ಕೊಬ್ಬು ಅರ್ಧ. ತೂಗಿದ್ದೆಲ್ಲ ಪುಸ್ತಕದಲ್ಲಿ ಏರುತ್ತಿತ್ತು. ಆದರೆ ಕಡಿದದ್ದಕ್ಕೂ ತೂಗುವುದಕ್ಕೂ ನಡುವೆ ಒಂದು ರಾತ್ರಿ ಇರುತ್ತಿತ್ತಲ್ಲ! ಆ ರಾತ್ರಿ ಅಜ್ಜಿಯ ಅಮ್ಮ ಚೂರುಪಾರು ಮಾಂಸ ಹೆಕ್ಕಿ, ಕರುಳಿಗೆ ತುಂಬಿ, ತಲೆಗೊಂದರಂತೆ ಸಾಸೇಜು ಮಾಡುತ್ತಿದ್ದರು. ಬೀನ್ಸ್ ಮಡಕೆ ಬೆಂಕಿಯ ಬದಿಯಲ್ಲಿ ಇದ್ದೇ ಇರುತ್ತಿತ್ತು, ಕಪ್ಪು ಸೊಪ್ಪು ಹಿತ್ತಲಲ್ಲಿ. ಮೂರನ್ನೂ ಸೇರಿಸಿ ಒಂದೇ ಊಟ. ಹೊಗೆ ಜಾಸ್ತಿ ಹೊರಗೆ ಹೋಗಬಾರದೆಂದು ಅಪ್ಪ ಕಿಟಕಿಗೆ ಕಂಬಳಿ ಕಟ್ಟುತ್ತಿದ್ದನಂತೆ.

‘ತೂಕಕ್ಕೆ ಬರುವ ಮೊದಲು ಹೊಟ್ಟೆಗೆ ಹೋದದ್ದು ಯಾರ ಲೆಕ್ಕಕ್ಕೂ ಇಲ್ಲ’ ಅಂದರು ಅಜ್ಜಿ.

ಇದಕ್ಕೆ ಹೆಸರೇನು ಅಂತ ಕೇಳಿದೆ. ಪುಸ್ತಕಗಳಲ್ಲಿ ಇಂಥ ಅಡುಗೆಗಳಿಗೆ ಚಂದದ ಹೆಸರುಗಳುಂಟು. ಟೊಮೆಟೊ, ಸಾಲ್ವಿಯಾ ಹಾಕಿದ ಬೀನ್ಸಿಗೆ ‘ಅಲ್ಲುಚ್ಚೆಲ್ಲೆತ್ತೊ’, ಅಂದರೆ ಸಣ್ಣ ಹಕ್ಕಿಗಳ ರೀತಿಯದು. ಹಕ್ಕಿ ಬೇಯಿಸುವಾಗ ಹಾಕುವ ಸೊಪ್ಪನ್ನೇ ಇದಕ್ಕೂ ಹಾಕುವುದರಿಂದ ಆ ಹೆಸರು. 1891ರಲ್ಲಿ ಫ್ಲಾರೆನ್ಸಿನಲ್ಲಿ ಅಚ್ಚಾದ ಆರ್ತೂಸಿಯ ಪ್ರಸಿದ್ಧ ಅಡುಗೆ ಪುಸ್ತಕದಲ್ಲೇ ಅದು ಇದೆ. ಅಜ್ಜಿ ಭುಜ ಕುಣಿಸಿದರು. ‘ಹೆಸರಾ? ಚೇನಾ.’ ಚೇನಾ ಅಂದರೆ ರಾತ್ರಿಯ ಊಟ. ಅಷ್ಟೆ.

ಕತ್ತಲಾಯಿತು. ಕಾಳು ಬೆಂದಿತ್ತು, ಬೆರಳಲ್ಲಿ ಒತ್ತಿದರೆ ಬೆಣ್ಣೆ. ಆಗ ಉಪ್ಪು ಹಾಕಲು ಅಪ್ಪಣೆಯಾಯಿತು. ಕಬ್ಬಿಣದ ಬಾಣಲೆಯನ್ನು ಮುಕ್ಕಾಲಿಯ ಮೇಲಿಟ್ಟು, ಸಾಸೇಜಿಗೆ ಫೋರ್ಕಿನಿಂದ ಚುಚ್ಚಿ, ಮೊದಲು ಒಂದು ಲೋಟ ನೀರಿನಲ್ಲಿ ಬೇಯಿಸಿದೆ. ನೀರು ಆರಿದ ಮೇಲೆ ಅದರದ್ದೇ ಕೊಬ್ಬಿನಲ್ಲಿ ಕೆಂಪಗೆ ಹುರಿದೆ. ತೆಗೆದು ಬದಿಗಿಟ್ಟೆ. ಬಾಣಲೆಯ ತಳದಲ್ಲಿ ಕೊಬ್ಬು ಉಳಿಯಿತು. ಅದಕ್ಕೆ ಎಣ್ಣೆ, ಜಜ್ಜಿದ ಬೆಳ್ಳುಳ್ಳಿ.

‘ಈಗ ಜೆಂಜೆರೊ ಹಾಕು’ ಅಂದರು.

ನನಗೆ ಖುಷಿಯೇ ಖುಷಿ. ಮಂಗಳೂರಿನಲ್ಲಿ ಮೂರು ತಿಂಗಳು ಇಟಾಲಿಯನ್ ಕಲಿತಾಗ ತರಕಾರಿಗಳ ಹೆಸರೆಲ್ಲ ಉರುಹೊಡೆದಿದ್ದೆ. ಜೆಂಜೆರೊ ಅಂದರೆ ಶುಂಠಿ. ಕಷಾಯಕ್ಕೆಂದು ಫ್ಲಾರೆನ್ಸಿನಿಂದ ತರಿಸಿದ ಹಸಿಶುಂಠಿ ನನ್ನ ಕೋಣೆಯಲ್ಲಿತ್ತು. ಈ ಜನವೂ ಹಂದಿಗೆ ಬೆಳ್ಳುಳ್ಳಿ, ಶುಂಠಿ ಹಾಕುತ್ತಾರೆ ಎಂದು ಆ ಕ್ಷಣ ಅವರ ಮೇಲೆ ದೊಡ್ಡ ಅಭಿಮಾನ ಹುಟ್ಟಿತು. ಎರಡು ಇಂಚು ಶುಂಠಿ ಜಜ್ಜಿ ಬಾಣಲೆಗೆ ಹಾಕಿದೆ. ಮೇಲೆ ಸೊಪ್ಪು. ಚುರ್ ಎಂದಿತು. ಇಡೀ ಕೋಣೆ ನಮ್ಮ ಊರಿನ ಮದುವೆಮನೆಯ ಹಿತ್ತಲಾಯಿತು.

ಅಜ್ಜಿಯ ಮೂಗು ಅರಳಿ ನಿಂತಿತು. ‘ಏನು ಹಾಕಿದೆ?’

‘ಜೆಂಜೆರೊ.’

‘ಜೆಂಜೆರೊ ಅಲ್ಲಿದೆ!’ ಊರುಗೋಲು ಅಗ್ಗಿಷ್ಟಿಕೆಯ ಬದಿಗೆ ನೇತುಹಾಕಿದ್ದ ಸರದ ಕಡೆ ತಿರುಗಿತು. ಒಣಮೆಣಸಿನ ಸರ. ಪುಸ್ತಕದ ಇಟಾಲಿಯನ್ನಿನಲ್ಲಿ ಅದು ಪೆಪೆರೊಂಚೀನೊ. ತೊಸ್ಕಾನಾದ ಹಳಬರ ಬಾಯಲ್ಲಿ ಮೆಣಸಿನಕಾಯಿಗೇ ಜೆಂಜೆರೊ ಎಂಬ ಹೆಸರು.

ಬಹಳ ಬೈಸಿಕೊಂಡೆ. ಆ ಬೈಗುಳದಲ್ಲಿ ಅರ್ಧ ನನಗೆ ತಿಳಿಯಲಿಲ್ಲ, ತಿಳಿದ ಅರ್ಧ ಇಲ್ಲಿ ಬರೆಯುವಂಥದ್ದಲ್ಲ. ಆದರೆ ತಪ್ಪು ಯಾರದ್ದು ಎಂದು ಆಮೇಲೆ ಎಷ್ಟೋ ಸಲ ಯೋಚಿಸಿದ್ದೇನೆ. ಮೆಣಸಿನಕಾಯಿಯೂ ಬೀನ್ಸಿನ ಹಾಗೆ ಅಮೆರಿಕದಿಂದ ಬಂದದ್ದು. ಖಾರಕ್ಕೆ ಮೊದಲಿದ್ದ ಶುಂಠಿಯ ಹೆಸರನ್ನು ಅಲ್ಲಿ ಎತ್ತಿಕೊಂಡಿತು. ನಾವೂ ಅದನ್ನೇ ಮಾಡಿದೆವಲ್ಲ? ಬಳ್ಳಿಯಲ್ಲಿ ಬಿಡುವ ಕರಿಯ ಕಾಳಿಗಿದ್ದ ‘ಮೆಣಸು’ ಎಂಬ ಹೆಸರನ್ನು ಹೊಸ ಕಾಯಿಗೆ ಕೊಟ್ಟು, ಹಳೆಯದಕ್ಕೆ ‘ಒಳ್ಳೆಮೆಣಸು’ ಎಂದು ಬೇರೆ ಹೆಸರು ಹುಡುಕಬೇಕಾಯಿತು. ಜೆಂಜೆರೊ ಎಂಬ ಶಬ್ದದ ಬುಡವೂ ನಮ್ಮ ಕಡೆಗೇ ಬರುತ್ತದೆ. ಲ್ಯಾಟಿನ್, ಗ್ರೀಕ್ ದಾಟಿ ಹಿಂದೆ ಹೋದರೆ ಪಾಲಿಯ ಸಿಂಗಿವೇರ. ಅದರಾಚೆಗೆ ತಮಿಳು, ಮಲಯಾಳಂಗಳ ಇಂಜಿ ಮತ್ತು ವೇರು, ಅಂದರೆ ಬೇರು, ಎಂದು ಪಂಡಿತರು ಹೇಳುತ್ತಾರೆ. ಹಾಗೆ ನೋಡಿದರೆ ಆ ರಾತ್ರಿ ಮುಜೆಲ್ಲೊದಲ್ಲಿ ಆ ಶಬ್ದವನ್ನು ಸರಿಯಾಗಿ ಅರ್ಥ ಮಾಡಿಕೊಂಡವಳು ನಾನೊಬ್ಬಳೇ. ಆದರೆ ಹೊರಗೆ ಮೈನಸ್ ಎಂಟು ಡಿಗ್ರಿ ಇರುವಾಗ ಇದನ್ನೆಲ್ಲ ವಾದಿಸುವುದು ಹೇಗೆ?

ಚೆಲ್ಲಿ ಬೇರೆ ಮಾಡಲು ಏನೂ ಉಳಿದಿರಲಿಲ್ಲ. ಬಾಣಲೆಯ ಸೊಪ್ಪನ್ನು ಮಡಕೆಗೆ ಸುರಿದೆ. ಒಂದು ಸೌಟು ಕಾಳನ್ನು ಬದಿಗೆ ಒತ್ತಿ ಮಸೆದು ರಸ ದಪ್ಪ ಮಾಡಿದೆ. ಸಾಸೇಜುಗಳನ್ನು ಇಡಿಯಾಗಿ ಅದರಲ್ಲಿ ಮುಳುಗಿಸಿ ಹತ್ತು ನಿಮಿಷ ಬಿಟ್ಟೆ. ಅಷ್ಟರಲ್ಲಿ ಹಳೆಯ ಬ್ರೆಡ್ಡನ್ನು ಕೆಂಡದ ಮೇಲೆ ಸುಟ್ಟು, ಬೆಳ್ಳುಳ್ಳಿ ತಿಕ್ಕಿ, ಎರಡು ತಟ್ಟೆಯ ತಳದಲ್ಲಿ ಹಾಸಿದೆ. ತೊಸ್ಕಾನಾದ ಬ್ರೆಡ್ಡಿಗೆ ಉಪ್ಪೇ ಹಾಕುವುದಿಲ್ಲ. ಮೊದಲು ತಿಂದಾಗ ಹತ್ತಿ ತಿಂದ ಹಾಗಾಗಿತ್ತು. ಆ ರಾತ್ರಿ ಅದರ ಕೆಲಸ ಏನೆಂದು ಗೊತ್ತಾಯಿತು: ರಸದ ಉಪ್ಪನ್ನೆಲ್ಲ ಹೀರಿಕೊಂಡು ಅದು ನಮ್ಮ ಗಂಜಿಯ ಅನ್ನದ ಹಾಗೆ ತಣ್ಣಗೆ ಕೂತಿತ್ತು.

ಅಜ್ಜಿಯ ತಟ್ಟೆಗೆ ಎರಡು ಸೌಟು ಬಡಿಸಿದೆ. ಮೇಲೆ ಎರಡು ಸಾಸೇಜು. ಮೂರನೆಯದನ್ನು ನಾಳೆಗೆಂದು ಮಡಕೆಯಲ್ಲೇ ಬಿಟ್ಟು ಮುಚ್ಚಳ ಹಾಕಿದೆ. ನನ್ನ ತಟ್ಟೆಗೆ ಕಾಳು, ಸೊಪ್ಪು. ಎಣ್ಣೆಯನ್ನು ತಟ್ಟೆಯ ಮೇಲೆ ಒಂದು ಸುತ್ತು ಸುರಿಯುವುದು ಅಲ್ಲಿಯ ಕ್ರಮ. ಹೊಸ ಎಣ್ಣೆ, ಹಸಿರು ಬಣ್ಣ, ಗಂಟಲಲ್ಲಿ ಚುರುಕ್ ಎನ್ನುತ್ತದೆ. ಸುರಿದೆ.

ಅಜ್ಜಿ ತಿನ್ನಲಿಲ್ಲ. ನನ್ನ ತಟ್ಟೆ ನೋಡಿದರು, ತಮ್ಮ ತಟ್ಟೆ ನೋಡಿದರು, ಮುಚ್ಚಿದ ಮಡಕೆ ನೋಡಿದರು. ಫೋರ್ಕಿನಲ್ಲಿ ತಮ್ಮ ಒಂದು ಸಾಸೇಜು ಎತ್ತಿ ನನ್ನ ತಟ್ಟೆಗೆ ಹಾಕಿದರು.

‘ಅದು ನಿಮಗೆ ತಂದದ್ದು’ ಅಂದೆ.

‘ಮುಚ್ಚಳ ತೆಗೆ. ಚೂರಿ ತಾ.’

ಮೂರನೆಯ ಸಾಸೇಜನ್ನು ಹಲಗೆಯ ಮೇಲಿಟ್ಟೆ. ಅರ್ಧ ಮಾಡು ಅಂದರು. ಮಾಡಿದೆ. ಕೈ ಅಳುಕಿತೋ ಏನೋ, ಒಂದು ತುಂಡು ಒಂದು ಬೆರಳಿನಷ್ಟು ದೊಡ್ಡದಾಯಿತು. ದೊಡ್ಡದನ್ನು ಅವರ ತಟ್ಟೆಗಿಟ್ಟೆ. ಅಜ್ಜಿ ಅದನ್ನು ತೆಗೆದು ನನಗೆ ಹಾಕಿ, ಸಣ್ಣದನ್ನು ತಮಗೆ ಎಳೆದುಕೊಂಡರು.

‘ಐವತ್ತಮೂರು’ ಅಂದರು. ‘ದುಡಿದವರಿಗೆ ಐವತ್ತಮೂರು.’

ತಿಂದೆವು. ಕಾಳು ಬಾಯಲ್ಲಿ ಕರಗಿತು, ಸೊಪ್ಪು ಹಲ್ಲಿಗೆ ಸಿಕ್ಕಿತು, ಸಾಸೇಜಿನ ಕೊಬ್ಬು ಎರಡಕ್ಕೂ ಹತ್ತಿಕೊಂಡಿತ್ತು. ಎಲ್ಲದರ ಕೆಳಗಿನಿಂದ ಶುಂಠಿ ಮೆಲ್ಲಗೆ ಮೇಲೆ ಬರುತ್ತಿತ್ತು. ನಾನು ಕಣ್ಣು ಒರೆಸಿಕೊಂಡೆ. ಅಜ್ಜಿ ಅದನ್ನು ಹೊಗೆಯ ಲೆಕ್ಕಕ್ಕೆ ಬರೆದುಕೊಂಡರು. ಎರಡನೆಯ ಸಲ ಬಡಿಸಿಕೊಂಡು, ತಟ್ಟೆಯನ್ನು ಬ್ರೆಡ್ಡಿನ ಅಂಚಿನಿಂದ ಒರೆಸಿ ತಿಂದ ಮೇಲೆ, ‘ತಪ್ಪು ಜೆಂಜೆರೊ. ಆದರೆ ಕೆಟ್ಟದ್ದಲ್ಲ’ ಎಂದು ತೀರ್ಪು ಕೊಟ್ಟರು. ಕಿಟಕಿಗೆ ಕಂಬಳಿ ಕಟ್ಟಿರಲಿಲ್ಲ. ಹೊಗೆ, ಪರಿಮಳ ಎಲ್ಲ ಹೊರಗೆ ಹೋಗುತ್ತಿತ್ತು. ಆ ಹಿಮದಲ್ಲಿ ತೂಕದ ಕೋಲು ಹಿಡಿದು ಬರುವವರು ಯಾರೂ ಇರಲಿಲ್ಲ.

ಈಗ ಊರಲ್ಲೂ ಒಮ್ಮೊಮ್ಮೆ ಮಾಡುತ್ತೇನೆ. ಕರಿ ಕೋಸು ನಮ್ಮ ಸೆಕೆಗೆ ಬರುವುದಿಲ್ಲ. ಹರಿವೆ ಹಾಕಿದರೆ ಕರಗಿಹೋಗುತ್ತದೆ, ನುಗ್ಗೆಸೊಪ್ಪು ಪರವಾಗಿಲ್ಲ. ಕಾಳು ಅಲಸಂದೆ, ಅಜ್ಜಿ ಹೇಳಿದ ಹಳೆಯದು. ಕುದಿಸಬೇಡಿ, ನಡುಗಿಸಿ, ಉಪ್ಪು ಕೊನೆಗೆ. ಶುಂಠಿ ಹಾಕಿದರೂ ಸರಿ, ಮೆಣಸಿನಕಾಯಿ ಹಾಕಿದರೂ ಸರಿ. ಎರಡಕ್ಕೂ ಹೆಸರು ಒಂದೇ.

ಕರೆಂಟು ಮೂರನೆಯ ದಿನ ಸಂಜೆ ಬಂತು. ಅದರ ಮರುದಿನ ರಸ್ತೆ ತೆರೆದು ಮಗ ಗಾಬರಿಯಿಂದ ಓಡಿಬಂದ. ಅಮ್ಮನ ಕೈ ಹಿಡಿದು, ಏನು ತಿಂದೆ, ಹೇಗಿದ್ದೆ ಎಂದು ಕೇಳಿದ. ಅಜ್ಜಿ ಯಾವುದಕ್ಕೂ ಉತ್ತರ ಕೊಡಲಿಲ್ಲ. ‘ಇನ್ನು ಮೇಲೆ ಸಾಸೇಜು ನಾಲ್ಕು ತಾ’ ಅಂದರು. ಮುಂದಿನ ಶನಿವಾರ ಅವನು ತಂದಿಟ್ಟ ಪೊಟ್ಟಣದಲ್ಲಿ ನಾಲ್ಕಿದ್ದವು. ನಾನು ಆ ಮನೆಯಲ್ಲಿದ್ದ ಮುಂದಿನ ಮೂರು ವರ್ಷವೂ ನಾಲ್ಕೇ ಬಂದವು.